ಕಿರುತೆರೆಯ ಶಿಲ್ಪಿ ಶಂಕರ್‌ನಾಗ್

ಕಥೆ ಹೇಳುವುದೂ ಕಥೆ ಕೇಳುವುದೂ ಮನುಷ್ಯನಿಗೆ ಬಹು ಹಿಂದಿನಿಂದ ಬಂದ ಹವ್ಯಾಸ. ಸುಗ್ಗಿ ಮುಗಿದ ಗದ್ದೆಯಲ್ಲಿ ರಾತ್ರಿಯಿಡೀ ನಡೆಯುವ ಬಯಲಾಟ, ಊರಿಂದೂರಿಗೆ ಡೇರೆ ಹೊತ್ತು ತಿರುಗುತ್ತಿದ್ದ ನಾಟಕ ಮಂಡಲಿ, ಪೇಟೆಯ ಚಿತ್ರಮಂದಿರ ಇವೆಲ್ಲವೂ ಜನರ ಈ ಹಸಿವನ್ನು ತಣಿಸುತ್ತ ಬಂದಿವೆ. ಆದರೆ ಇವನ್ನು ನೋಡಬೇಕಾದರೆ ಜನರು ಮನೆಯಿಂದ ಹೊರಟು ಹೋಗಬೇಕಾಗಿತ್ತು. ದೂರದರ್ಶನವಾದರೋ ಕಥೆಯನ್ನು ಮನೆಯೊಳಕ್ಕೇ ತಂದಿತು. ಭಾರತದಲ್ಲಿ 1959ರಲ್ಲಿ ದೆಹಲಿಯಲ್ಲಿ ಮೊದಲ್ಗೊಂಡ ಈ ಮಾಧ್ಯಮ 1981ರಲ್ಲಿ ಬೆಂಗಳೂರಿಗೆ ಬಂದಿತು. 1982ರಲ್ಲಿ ಅದಕ್ಕೆ ಬಣ್ಣವೂ ದೇಶವ್ಯಾಪಿ ಪ್ರಸಾರವೂ ದೊರೆತವು. 1984ರಲ್ಲಿ ಪ್ರಾರಂಭವಾದ ‘ಹಮ್ ಲೋಗ್’ ಎಂಬ ಹಿಂದಿ ಧಾರಾವಾಹಿ, ಜನರು ವಾರವಾರವೂ ಕಾದು ಕುಳಿತು ಕಥೆ ನೋಡುವ ರೂಢಿಯನ್ನು ಬೆಳೆಸಿತು. ಆ ಕಾಲದಲ್ಲಿ ಬೀದಿಗೊಂದೋ ಎರಡೋ ಮನೆಗಳಲ್ಲಿ ಮಾತ್ರ ದೂರದರ್ಶನದ ಪೆಟ್ಟಿಗೆ ಇರುತ್ತಿತ್ತು. ನೆರೆಹೊರೆಯವರೆಲ್ಲ ಆ ಮನೆಯ ಪಡಸಾಲೆಯಲ್ಲಿ ನೆರೆಯುತ್ತಿದ್ದರು.

ಇಂತಹ ಕಾಲದಲ್ಲಿ, ಭೂಪಟದಲ್ಲಿ ಎಲ್ಲಿಯೂ ಇಲ್ಲದ ಒಂದು ಊರನ್ನು ಮಲೆನಾಡಿನ ಮಳೆಕಾಡಿನ ನಡುವೆ ಕಟ್ಟಿ, ಅದನ್ನು ದೇಶದ ಜನರ ಸ್ವಂತ ಊರಾಗಿಸಿದ ಕನ್ನಡಿಗರೊಬ್ಬರಿದ್ದರು. ಅವರೇ ‘ಮಾಲ್ಗುಡಿ ಡೇಸ್’ ಧಾರಾವಾಹಿಯ ನಿರ್ದೇಶಕ ಶಂಕರ್‌ನಾಗ್. ಅವರು ಬದುಕಿದ್ದುದು ಮೂವತ್ತಾರು ವರ್ಷವೂ ತುಂಬದಷ್ಟು ಕಾಲ. ಕನ್ನಡ ನಾಡಿನಲ್ಲಿ ನೆಲೆಸಿ ದುಡಿದುದು ಹನ್ನೆರಡು ವರ್ಷಗಳಷ್ಟೇ. ಆದರೆ ಆ ಅಲ್ಪ ಕಾಲದಲ್ಲಿ ಅವರು ಮಾಡಿಹೋದ ಕೆಲಸ ದೀರ್ಘಾಯುಗಳೂ ಬೆರಗಾಗುವಂಥದು.

ಶಂಕರ್‌ನಾಗ್ 1954ನೆಯ ಇಸವಿ ನವೆಂಬರ್ 9ರಂದು ಉತ್ತರ ಕನ್ನಡ ಜಿಲ್ಲೆಯ ಹೊನ್ನಾವರದಲ್ಲಿ ಜನಿಸಿದರು. ತಂದೆ ಸದಾನಂದ ನಾಗರಕಟ್ಟೆ, ತಾಯಿ ಆನಂದಿ. ಮುಂದೆ ಹೆಸರಾಂತ ನಟರಾದ ಅನಂತ್‌ನಾಗ್ ಅವರು ಶಂಕರರ ಅಣ್ಣ. ಒಂದು ಕಡೆ ಅರಬ್ಬೀ ಸಮುದ್ರ, ಇನ್ನೊಂದು ಕಡೆ ಸಹ್ಯಾದ್ರಿಯ ಸಾಲು, ನಡುವೆ ತುಂಬಿ ಹರಿದು ಕಡಲನ್ನು ಸೇರುವ ಶರಾವತಿ. ಇದು ಹೊನ್ನಾವರದ ಪರಿಸರ. ಚೆಂಡೆಮದ್ದಳೆಯ ನಾದಕ್ಕೂ ಯಕ್ಷಗಾನದ ವೇಷಗಳಿಗೂ ಹೆಸರಾದ ಸೀಮೆ ಅದು. ಮನೆಯ ಮಾತು ಕೊಂಕಣಿ. ಊರಿನ ಮಾತು ಕನ್ನಡ. ಹೀಗೆ ಒಂದಕ್ಕಿಂತ ಹೆಚ್ಚು ನುಡಿಗಳ ನಡುವೆ ಬೆಳೆಯುವ ಭಾಗ್ಯ ಅವರಿಗೆ ಹುಟ್ಟಿನಿಂದಲೇ ಒದಗಿತು.

ಶಿಕ್ಷಣವನ್ನು ಮುಗಿಸಿ ಮುಂಬಯಿಗೆ ತೆರಳಿದ ತರುಣ ಶಂಕರರನ್ನು ಆ ಮಹಾನಗರದ ರಂಗಭೂಮಿ ಬಲವಾಗಿ ಸೆಳೆಯಿತು. ಆ ದಿನಗಳಲ್ಲಿ ಮರಾಠಿ ರಂಗಭೂಮಿ ಹೊಸ ಹೊಸ ಪ್ರಯೋಗಗಳಿಂದ ತುಂಬಿ ತುಳುಕುತ್ತಿತ್ತು. ಶಂಕರರು ಮರಾಠಿಯನ್ನು ತಮ್ಮದಾಗಿಸಿಕೊಂಡು ಅಲ್ಲಿ ದುಡಿದರು. ನಾಟಕವೆಂದರೆ ಬಣ್ಣ ಹಚ್ಚಿಕೊಂಡು ನಿಲ್ಲುವುದು ಮಾತ್ರವಲ್ಲ; ಪರದೆ ಕಟ್ಟುವುದು, ದೀಪ ಹೊಂದಿಸುವುದು, ಹೊತ್ತಿಗೆ ಸರಿಯಾಗಿ ತಾಲೀಮಿಗೆ ಬರುವುದು, ಇನ್ನೊಬ್ಬನ ಪಾತ್ರಕ್ಕೂ ತನ್ನ ಪಾತ್ರದಷ್ಟೇ ಗೌರವ ಕೊಡುವುದು ಇವೆಲ್ಲವೂ ನಾಟಕವೇ. ರಂಗಭೂಮಿ ಕಲಿಸುವ ಈ ಶಿಸ್ತು ಅವರ ಬಾಳಿನುದ್ದಕ್ಕೂ ಬೆಂಗಾವಲಾಗಿ ನಿಂತಿತು. ‘22 ಜೂನ್ 1897’ ಎಂಬ ಹೆಸರಾಂತ ಮರಾಠಿ ಚಲನಚಿತ್ರದ ಬರವಣಿಗೆಯಲ್ಲಿ ಅವರು ಪಾಲುಗೊಂಡರು. ತಮ್ಮಂತೆಯೇ ನಾಟಕದ ಗೀಳು ಹಿಡಿದಿದ್ದ ಅರುಂಧತಿ ರಾವ್ ಅವರ ಪರಿಚಯವಾದುದೂ ಮುಂಬಯಿಯ ರಂಗಭೂಮಿಯಲ್ಲಿಯೇ. ಆ ಪರಿಚಯ ಸ್ನೇಹವಾಗಿ ಬೆಳೆದು ಮದುವೆಯಲ್ಲಿ ಫಲಿಸಿತು.

ಶಂಕರರನ್ನು ಕನ್ನಡ ನಾಡಿಗೆ ಮರಳಿ ಕರೆತಂದುದು ಗಿರೀಶ ಕಾರ್ನಾಡರು ನಿರ್ದೇಶಿಸಿದ ‘ಒಂದಾನೊಂದು ಕಾಲದಲ್ಲಿ’ ಚಿತ್ರ. 1978ರಲ್ಲಿ ತೆರೆಕಂಡ ಆ ಚಿತ್ರದಲ್ಲಿ ಅವರು ಕೂಲಿಗಾಗಿ ಕತ್ತಿ ಹಿಡಿಯುವ ಗಂಡುಗಲಿ ಎಂಬ ಯೋಧನ ಪಾತ್ರವನ್ನು ವಹಿಸಿದರು. ಆಗಿನ್ನೂ ಇಪ್ಪತ್ತುನಾಲ್ಕು ತುಂಬದ ವಯಸ್ಸು. ಆ ಮೊದಲ ಕನ್ನಡ ಚಿತ್ರದ ಅಭಿನಯಕ್ಕಾಗಿಯೇ ಅವರಿಗೆ 1979ರಲ್ಲಿ ದೆಹಲಿಯಲ್ಲಿ ನಡೆದ ಭಾರತದ ಅಂತರರಾಷ್ಟ್ರೀಯ ಚಲನಚಿತ್ರೋತ್ಸವದಲ್ಲಿ ಶ್ರೇಷ್ಠ ನಟ ಪ್ರಶಸ್ತಿ ಲಭಿಸಿತು. ದೇಶವಿದೇಶಗಳ ನಟರ ನಡುವೆ ಬಂದ ಈ ಮನ್ನಣೆ ಕನ್ನಡ ಚಿತ್ರರಂಗದ ಬಾಗಿಲನ್ನು ಅವರಿಗೆ ಪೂರ್ತಿಯಾಗಿ ತೆರೆಯಿತು.

ಬಾಗಿಲು ತೆರೆದುದೇ ತಡ, ಅವಕಾಶಗಳು ಒಂದರ ಮೇಲೊಂದು ಬಂದವು. 1980ರಲ್ಲಿ ಬಂದ ‘ಆಟೋರಾಜ’ ಅವರನ್ನು ಜನಸಾಮಾನ್ಯರ ಕಣ್ಮಣಿಯನ್ನಾಗಿ ಮಾಡಿತು. ಆಟೋರಿಕ್ಷಾ ಚಾಲಕರಂತೂ ಅವರನ್ನು ತಮ್ಮವನೆಂದೇ ಬಗೆದರು. ‘ಸಾಂಗ್ಲಿಯಾನ’ ಮೊದಲಾದ ಚಿತ್ರಗಳ ಪೊಲೀಸ್ ಅಧಿಕಾರಿಯ ಪಾತ್ರಗಳು ಆ ಜನಪ್ರಿಯತೆಯನ್ನು ಇನ್ನಷ್ಟು ಬೆಳೆಸಿದವು. ಇಂತಹ ಸಾಹಸಪ್ರಧಾನ ಚಿತ್ರಗಳಲ್ಲಿ ಎಲ್ಲವೂ ಕಲೆಯ ದೃಷ್ಟಿಯಿಂದ ಮೇಲ್ಮಟ್ಟದವಾಗಿದ್ದುವೆಂದು ಹೇಳಲಾಗದು. ಆದರೆ ಶಂಕರರ ಮನಸ್ಸು ತಾರೆಯ ಪಟ್ಟದಲ್ಲಿ ನೆಲೆಗೊಳ್ಳಲಿಲ್ಲ. ತೆರೆಯ ಮೇಲೆ ಹೊಡೆದಾಟದ ನಾಯಕನಾಗಿ ಹಗಲೆಲ್ಲ ದುಡಿದವರು ಸಂಜೆಯ ಹೊತ್ತಿಗೆ ನಾಟಕದ ತಾಲೀಮಿಗೆ ಮನಸ್ಸು ಕೊಡುತ್ತಿದ್ದರು. ಅರುಂಧತಿಯವರೊಡನೆ ಸೇರಿ ಅವರು ಬೆಂಗಳೂರಿನಲ್ಲಿ ‘ಸಂಕೇತ್’ ಎಂಬ ನಾಟಕ ತಂಡವನ್ನು ಕಟ್ಟಿದರು. ‘ಅಂಜುಮಲ್ಲಿಗೆ’, ‘ಸಂಧ್ಯಾಛಾಯಾ’, ‘ನಾಗಮಂಡಲ’ ಮುಂತಾದ ನಾಟಕಗಳನ್ನು ಆ ತಂಡ ರಂಗಕ್ಕೆ ತಂದಿತು. ಚಲನಚಿತ್ರ ಕೊಡುವ ಹಣ, ಕೀರ್ತಿಗಳನ್ನು ನಾಟಕ ಕೊಡಲಾರದು. ಆದರೂ ಅದನ್ನು ಕೈಬಿಡದೆ ಉಳಿಸಿಕೊಂಡುದು ಅವರ ಸ್ವಭಾವಕ್ಕೆ ಹಿಡಿದ ಕನ್ನಡಿಯಾಗಿದೆ.

ನಿರ್ದೇಶಕರಾಗಿ ಅವರ ಮೊದಲ ಚಿತ್ರ 1980ರಲ್ಲಿ ಬಂದ ‘ಮಿಂಚಿನ ಓಟ’. ಕಾರು ಕದಿಯುವವರ ಬದುಕನ್ನು ವಸ್ತುವಾಗಿ ಉಳ್ಳ ಈ ಚಿತ್ರ, ಸೆರೆಮನೆಯಿಂದ ತಪ್ಪಿಸಿಕೊಳ್ಳಲು ಹವಣಿಸುವ ಮನುಷ್ಯರ ತಳಮಳವನ್ನು ಅನುಕಂಪದಿಂದ ತೋರಿಸಿತು. ರಾಜ್ಯ ಪ್ರಶಸ್ತಿಗೂ ಪಾತ್ರವಾಯಿತು. ಅನಂತರ ‘ಜನ್ಮ ಜನ್ಮದ ಅನುಬಂಧ’, ‘ಗೀತಾ’, ‘ಹೊಸ ತೀರ್ಪು’ ಚಿತ್ರಗಳು ಬಂದವು. ಇವೆಲ್ಲಕ್ಕಿಂತ ‘ಆಕ್ಸಿಡೆಂಟ್’ ಚಿತ್ರ ಹೆಚ್ಚು ಗಮನಾರ್ಹವಾದುದು. ಕುಡಿದ ಅಮಲಿನಲ್ಲಿ ಕಾರು ಓಡಿಸುವ ಸಿರಿವಂತ ಯುವಕನೊಬ್ಬ ಕಾಲುದಾರಿಯಲ್ಲಿ ಮಲಗಿದ್ದ ಬಡವರ ಮೇಲೆ ಅದನ್ನು ಹರಿಸುವುದು, ಅಧಿಕಾರದ ಬಲದಿಂದ ಆ ಅಪರಾಧವನ್ನು ಮುಚ್ಚಿಹಾಕುವ ಪ್ರಯತ್ನ ನಡೆಯುವುದು ಅದರ ವಸ್ತು. ಮನೆಯಿಲ್ಲದವರ ಪ್ರಾಣಕ್ಕೆ ಬೆಲೆಯೇನು ಎಂಬ ಪ್ರಶ್ನೆಯನ್ನು ಆ ಚಿತ್ರ ನೇರವಾಗಿ ಸಮಾಜದ ಮುಂದಿಟ್ಟಿತು. ಸಾಮಾಜಿಕ ಸಮಸ್ಯೆಯನ್ನು ಕುರಿತ ಚಿತ್ರವೆಂದು ಅದಕ್ಕೆ ರಾಷ್ಟ್ರೀಯ ಪ್ರಶಸ್ತಿ ಬಂದಿತು.

ಹೀಗೆ ನಟರಾಗಿ, ರಂಗಕರ್ಮಿಯಾಗಿ, ಚಿತ್ರನಿರ್ದೇಶಕರಾಗಿ ನುರಿತ ಕೈಗೆ ದೂರದರ್ಶನದ ಒಂದು ದೊಡ್ಡ ಹೊಣೆ ಬಂದಿತು. ನಿರ್ಮಾಪಕ ಟಿ. ಎಸ್. ನರಸಿಂಹನ್ ಅವರು ಆರ್. ಕೆ. ನಾರಾಯಣರ ಕಥೆಗಳನ್ನು ಧಾರಾವಾಹಿಯಾಗಿ ತರಲು ಮುಂದಾದರು; ಅದರ ನಿರ್ದೇಶನವನ್ನು ಶಂಕರ್‌ನಾಗ್ ಕೈಗೊಂಡರು. ನಾರಾಯಣರು ಮೈಸೂರಿನಲ್ಲಿ ನೆಲೆಸಿ ಇಂಗ್ಲಿಷಿನಲ್ಲಿ ಬರೆದು ಜಗತ್ಪ್ರಸಿದ್ಧರಾದ ಲೇಖಕರು. 1935ರಲ್ಲಿ ಹೊರಬಂದ ‘ಸ್ವಾಮಿ ಅಂಡ್ ಫ್ರೆಂಡ್ಸ್’ ಕಾದಂಬರಿಯಿಂದ ಮೊದಲ್ಗೊಂಡು ಅವರು ತಮ್ಮ ಕಥೆಗಳಿಗೆಲ್ಲ ಮಾಲ್ಗುಡಿ ಎಂಬ ಕಲ್ಪನೆಯ ಊರನ್ನೇ ನೆಲೆಯಾಗಿ ಮಾಡಿಕೊಂಡಿದ್ದರು. ಸರಯೂ ಎಂಬ ಹೊಳೆ, ಒಂದು ಪುಟ್ಟ ರೈಲುನಿಲ್ದಾಣ, ಶಾಲೆ, ಅಂಗಡಿಬೀದಿ, ಅಲ್ಲಿ ಓಡಾಡುವ ಗುಮಾಸ್ತರು, ಮಿಠಾಯಿ ವ್ಯಾಪಾರಿಗಳು, ಜೋಯಿಸರು, ತುಂಟ ಹುಡುಗರು. ಇದೇ ಮಾಲ್ಗುಡಿಯ ಪ್ರಪಂಚ.

ಓದುಗರ ಮನಸ್ಸಿನಲ್ಲಿ ಮಾತ್ರ ಬದುಕಿರುವ ಊರನ್ನು ಕಣ್ಣಿಗೆ ಕಾಣಿಸುವುದು ಸುಲಭದ ಕೆಲಸವಲ್ಲ. ಪ್ರತಿಯೊಬ್ಬ ಓದುಗನೂ ತನ್ನದೇ ಆದ ಒಂದು ಮಾಲ್ಗುಡಿಯನ್ನು ಕಟ್ಟಿಕೊಂಡಿರುತ್ತಾನೆ. ಕಾಣಿಸಿದ ಊರು ಅದಕ್ಕೆ ಹೊಂದದೆ ಹೋದರೆ ಅವನಿಗೆ ನಿರಾಶೆಯಾಗುವುದು ಸಹಜ. ಸ್ವತಃ ನಾರಾಯಣರಿಗೇ ಇಂತಹ ಕಹಿ ಅನುಭವ ಹಿಂದೊಮ್ಮೆ ಆಗಿತ್ತು. 1965ರಲ್ಲಿ ಅವರ ‘ಗೈಡ್’ ಕಾದಂಬರಿ ಹಿಂದಿಯಲ್ಲಿ ಚಲನಚಿತ್ರವಾದಾಗ ಅದನ್ನು ರಾಜಸ್ಥಾನದ ನಗರಗಳಲ್ಲಿ ವೈಭವದಿಂದ ಚಿತ್ರೀಕರಿಸಲಾಯಿತು. ಚಿತ್ರವೇನೋ ಜನಪ್ರಿಯವಾಯಿತು; ಆದರೆ ತಮ್ಮ ಸರಳವಾದ ಮಾಲ್ಗುಡಿ ಅದರಲ್ಲಿ ಇಲ್ಲವಾದುದನ್ನು ಕಂಡು ಲೇಖಕರು ಬೇಸರಗೊಂಡರು. ಆದ್ದರಿಂದ ಶಂಕರರ ಮುಂದಿದ್ದ ಕೆಲಸ ಕಥೆಯನ್ನು ಚಿತ್ರಿಸುವುದಷ್ಟೇ ಆಗಿರಲಿಲ್ಲ. ಲೇಖಕನ ಊರನ್ನು ಅವನಿಗೆ ಮರಳಿ ಕೊಡುವುದೂ ಆಗಿತ್ತು.

ಇದಕ್ಕಾಗಿ ಅವರು ಆರಿಸಿಕೊಂಡುದು ಶಿವಮೊಗ್ಗ ಜಿಲ್ಲೆಯ ತೀರ್ಥಹಳ್ಳಿ ತಾಲ್ಲೂಕಿನ ಆಗುಂಬೆಯನ್ನು. ಘಟ್ಟದ ನೆತ್ತಿಯಲ್ಲಿರುವ ಈ ಹಳ್ಳಿ ಸೂರ್ಯಾಸ್ತದ ಸೊಬಗಿಗೂ ಮಳೆಗೂ ಹೆಸರುವಾಸಿ. ವರ್ಷಕ್ಕೆ ಸರಾಸರಿ 7,000 ಮಿಲಿಮೀಟರಿಗೂ ಮಿಕ್ಕಿ ಮಳೆ ಸುರಿಯುವ ಊರಿನಲ್ಲಿ ಚಿತ್ರೀಕರಣ ನಡೆಸುವುದೆಂದರೆ ಕಷ್ಟವನ್ನು ಕೈಬೀಸಿ ಕರೆದಂತೆ. ಆದರೆ ಹೆಂಚಿನ ಮಾಡು, ಕಂಬಗಳ ಜಗಲಿ, ವಿಶಾಲವಾದ ಅಂಗಳಗಳುಳ್ಳ ಹಳೆಯ ಮನೆಗಳು ಅಲ್ಲಿ ಹಾಗೆಯೇ ಉಳಿದಿದ್ದವು. ಸ್ವಾತಂತ್ರ್ಯಪೂರ್ವದ ಒಂದು ಊರನ್ನು ತೋರಿಸಲು ಬೇಕಾದ ಚಹರೆ ಅಲ್ಲಿತ್ತು. ಅಲ್ಲಿಯ ದೊಡ್ಡಮನೆ ಬಾಲಕ ಸ್ವಾಮಿಯ ಮನೆಯಾಯಿತು. ಕಲಾನಿರ್ದೇಶಕ ಜಾನ್ ದೇವರಾಜ್ ಅವರು ಊರಿನ ಬೀದಿಯನ್ನು ಮಾಲ್ಗುಡಿಯ ಬೀದಿಯಾಗಿ ಮಾರ್ಪಡಿಸಿದರು. ಊರಿನ ಜನರೂ ಕೆಲವೆಡೆ ಪಾತ್ರಧಾರಿಗಳಾದರು. ರೈಲುನಿಲ್ದಾಣದ ದೃಶ್ಯಗಳಿಗಾಗಿ ಅದೇ ಜಿಲ್ಲೆಯ ಅರಸಾಳಿನ ಸಣ್ಣ ನಿಲ್ದಾಣವನ್ನು ಬಳಸಿಕೊಳ್ಳಲಾಯಿತು. ಹೀಗೆ ಇಂಗ್ಲಿಷಿನ ಪುಟಗಳಲ್ಲಿದ್ದ ಊರು ಮಲೆನಾಡಿನ ಕೆಮ್ಮಣ್ಣಿನ ಮೇಲೆ ಎದ್ದು ನಿಂತಿತು.

ಪಾತ್ರಗಳ ಆಯ್ಕೆಯಲ್ಲಿಯೂ ಶಂಕರರ ರಂಗಭೂಮಿಯ ಅನುಭವ ಕೈಹಿಡಿದು ನಡೆಸಿತು. ಬಾಲಕ ಸ್ವಾಮಿಯಾಗಿ ಮಾಸ್ಟರ್ ಮಂಜುನಾಥ್, ಅವನ ತಂದೆಯಾಗಿ ಗಿರೀಶ ಕಾರ್ನಾಡ್, ತಾಯಿಯಾಗಿ ವೈಶಾಲಿ ಕಾಸರವಳ್ಳಿ ಕಾಣಿಸಿಕೊಂಡರು. ‘ದಿ ವೆಂಡರ್ ಆಫ್ ಸ್ವೀಟ್ಸ್’ ಕಾದಂಬರಿಯ ಮಿಠಾಯಿ ವ್ಯಾಪಾರಿ ಜಗನ್ ಆಗಿ ಅನಂತ್‌ನಾಗ್ ಅಭಿನಯಿಸಿದರು. ತಿಂಗಳಿಗೆ ನಲವತ್ತು ರೂಪಾಯಿ ಸಂಬಳದ ಗುಮಾಸ್ತನೊಬ್ಬನ ಕಥೆಯಲ್ಲಿ ಜನಪ್ರಿಯ ನಾಯಕನಟ ವಿಷ್ಣುವರ್ಧನ್ ಪಾತ್ರ ವಹಿಸಿದರು. ಪುಟ್ಟ ಮಗಳನ್ನು ಸಿನಿಮಾಕ್ಕೆ ಕರೆದೊಯ್ಯುವುದಾಗಿ ಆ ಗುಮಾಸ್ತ ಮಾತು ಕೊಟ್ಟಿರುತ್ತಾನೆ. ಕಚೇರಿ ಬಿಡಲು ಅಪ್ಪಣೆ ಸಿಗದೆ ರೋಸಿ ರಾಜೀನಾಮೆ ಬರೆಯುತ್ತಾನೆ. ಅಷ್ಟರಲ್ಲಿ ಐದು ರೂಪಾಯಿ ಸಂಬಳ ಹೆಚ್ಚಿತೆಂಬ ಸುದ್ದಿ ಬರುತ್ತದೆ. ರಾಜೀನಾಮೆಯನ್ನು ಹಿಂತೆಗೆದುಕೊಂಡು ತಡವಾಗಿ ಮನೆಗೆ ಮರಳುತ್ತಾನೆ. ಅವನ ಹಾದಿ ಕಾದ ಮಗು ಆ ವೇಳೆಗೆ ನಿದ್ದೆಹೋಗಿರುತ್ತದೆ. ಇಷ್ಟೇ ಕಥೆ. ಇದರಲ್ಲಿ ಖಳನಾಯಕನಿಲ್ಲ, ಹೊಡೆದಾಟವಿಲ್ಲ, ಕಣ್ಣೀರಿನ ಹೊಳೆಯಿಲ್ಲ. ಆದರೆ ಹೊಟ್ಟೆಪಾಡಿಗಾಗಿ ಮಕ್ಕಳ ಬಾಲ್ಯವನ್ನೇ ನೋಡದೆ ಹೋಗುವ ಸಾವಿರಾರು ತಂದೆಯರ ಬಾಳು ಇದರಲ್ಲಿ ಅಡಗಿದೆ.

ಇಂತಹ ಕಥೆಗಳಿಗೆ ಕಿರುತೆರೆ ಬಹಳ ಒಪ್ಪುವಂಥದೆಂಬುದನ್ನು ಶಂಕರ್‌ನಾಗ್ ಚೆನ್ನಾಗಿ ಮನಗಂಡಿದ್ದರು. ದೊಡ್ಡ ತೆರೆಗೆ ವಿಸ್ತಾರವಾದ ನೋಟ, ಭಾರಿ ಘಟನೆಗಳು ಬೇಕು. ಸಣ್ಣ ತೆರೆಯ ಮೇಲೆ ಹತ್ತಿರದಿಂದ ಕಾಣುವ ಮುಖ, ಅದರ ಮೇಲೆ ಸುಳಿಯುವ ಒಂದು ನಸುನಗೆ, ಒಂದು ಮೌನ ಇವೇ ಸಾಕು. ಅರ್ಧ ಗಂಟೆಗೂ ಕಡಿಮೆ ಅವಧಿಯಲ್ಲಿ ಒಂದು ಕಥೆ ಹುಟ್ಟಿ, ಬೆಳೆದು, ಮುಗಿಯಬೇಕು. ಆ ಮಿತಿಯನ್ನೇ ಅವರು ಗುಣವಾಗಿ ಮಾರ್ಪಡಿಸಿಕೊಂಡರು. ಎಸ್. ರಾಮಚಂದ್ರ ಅವರ ಛಾಯಾಗ್ರಹಣ ಮಲೆನಾಡಿನ ಮೃದುವಾದ ಬೆಳಕನ್ನು ಸೆರೆಹಿಡಿಯಿತು. ಎಲ್. ವೈದ್ಯನಾಥನ್ ಅವರ ಸಂಗೀತ, ಪದಗಳಿಲ್ಲದ ಆಲಾಪವೊಂದರ ಮೂಲಕ ಇಡೀ ಊರನ್ನು ಕಣ್ಮುಂದೆ ತಂದಿತು. ನಾರಾಯಣರ ತಮ್ಮ, ಹೆಸರಾಂತ ವ್ಯಂಗ್ಯಚಿತ್ರಕಾರ ಆರ್. ಕೆ. ಲಕ್ಷ್ಮಣ್ ಅವರ ರೇಖಾಚಿತ್ರಗಳು ಪ್ರತಿ ಕಂತಿಗೂ ಕಳೆ ಕೊಟ್ಟವು.

1986ರಲ್ಲಿ ದೂರದರ್ಶನದಲ್ಲಿ ಪ್ರಸಾರವಾಗತೊಡಗಿದ ‘ಮಾಲ್ಗುಡಿ ಡೇಸ್’ ಬಹುಬೇಗ ಮನೆಮಾತಾಯಿತು. ಶಂಕರ್‌ನಾಗ್ ನಿರ್ದೇಶಿಸಿದ ಕಂತುಗಳು 39. ಮೊದಲ 13 ಕಂತುಗಳನ್ನು ಹಿಂದಿಯ ಜೊತೆಗೆ ಇಂಗ್ಲಿಷಿನಲ್ಲಿಯೂ ಸಿದ್ಧಗೊಳಿಸಲಾಗಿತ್ತು. ದಕ್ಷಿಣದ ಒಂದು ಸಣ್ಣ ಊರಿನ ಕಥೆ, ಕನ್ನಡದ ಅನೇಕ ಕಲಾವಿದರ ಅಭಿನಯ, ಹಿಂದಿಯ ಮಾತು. ಇವು ಒಂದಕ್ಕೊಂದು ಹೊಂದುವುವೇ ಎಂಬ ಸಂಶಯಕ್ಕೆ ಎಡೆಯಿತ್ತು. ಆದರೆ ಉತ್ತರದ ಬಯಲುಸೀಮೆಯ ಪ್ರೇಕ್ಷಕನೂ ಪಂಚೆಯುಟ್ಟ ಈ ಜನರಲ್ಲಿ ತನ್ನ ನೆರೆಯವರನ್ನು ಗುರುತಿಸಿದನು. ಒಂದು ಪ್ರದೇಶವನ್ನು ಪ್ರಾಮಾಣಿಕವಾಗಿ ಚಿತ್ರಿಸಿದರೆ ಅದು ಎಲ್ಲ ಪ್ರದೇಶಗಳ ಜನರಿಗೂ ಹತ್ತಿರವಾಗುತ್ತದೆ ಎಂಬುದಕ್ಕೆ ಈ ಧಾರಾವಾಹಿಗಿಂತ ಬೇರೆ ನಿದರ್ಶನ ಬೇಕಿಲ್ಲ. ಬಾಲ್ಯದಲ್ಲಿಯೇ ಹಲವು ನುಡಿಗಳ ನಡುವೆ ಬೆಳೆದು, ಮರಾಠಿ ರಂಗಭೂಮಿಯಲ್ಲಿ ಪಳಗಿ, ಕನ್ನಡದಲ್ಲಿ ಬೇರೂರಿದ ವ್ಯಕ್ತಿಗೆ ಈ ಕೆಲಸ ಸಾಧ್ಯವಾದುದು ಆಶ್ಚರ್ಯವಲ್ಲ.

ಮಾಲ್ಗುಡಿಯ ಯಶಸ್ಸಿನಿಂದ ಶಂಕರರು ವಿಶ್ರಮಿಸಲಿಲ್ಲ. 1987ರಲ್ಲಿ ಅವರು ರಾಜಕುಮಾರ್ ನಾಯಕರಾಗಿದ್ದ ‘ಒಂದು ಮುತ್ತಿನ ಕಥೆ’ಯನ್ನು ನಿರ್ದೇಶಿಸಿದರು. ನೀರಿನಾಳದಲ್ಲಿ ಚಿತ್ರೀಕರಿಸಿದ ಅದರ ದೃಶ್ಯಗಳು ಕನ್ನಡಕ್ಕೆ ಹೊಸವು. ನಿರೀಕ್ಷಿಸಿದಷ್ಟು ಜನಮನ್ನಣೆ ಆ ಚಿತ್ರಕ್ಕೆ ದೊರೆಯಲಿಲ್ಲ. ಆದರೆ ಸೋಲಿನ ಭಯ ಅವರನ್ನು ಹೊಸ ಪ್ರಯೋಗಗಳಿಂದ ಹಿಮ್ಮೆಟ್ಟಿಸಲಿಲ್ಲ. ಕನ್ನಡ ಚಿತ್ರಗಳ ಧ್ವನಿಮುದ್ರಣಕ್ಕಾಗಿ ಪರಸ್ಥಳಕ್ಕೆ ಹೋಗಬೇಕಾದ ಪಾಡು ತಪ್ಪಲೆಂದು ಬೆಂಗಳೂರಿನಲ್ಲಿ ಧ್ವನಿಮುದ್ರಣಾಲಯವೊಂದನ್ನು ತೆರೆದರು. ಬೆಂಗಳೂರಿಗೆ ಮೆಟ್ರೊ ರೈಲು ಬೇಕು, ನಂದಿಬೆಟ್ಟಕ್ಕೆ ತೂಗುತೊಟ್ಟಿಲ ದಾರಿ ಆಗಬೇಕು, ಬಡವರಿಗೆ ಕಡಿಮೆ ಖರ್ಚಿನ ಮನೆಗಳು ಸಿಗಬೇಕು ಎಂದು ಯೋಚಿಸಿದ ಕಲಾವಿದ ಅವರು. ಆ ದಿನಗಳಲ್ಲಿ ಇವು ಬರಿಯ ಹಗಲುಗನಸುಗಳಾಗಿ ತೋರಿದ್ದರೆ ಸೋಜಿಗವಿಲ್ಲ. ಅವರು ತೀರಿಕೊಂಡು ಎರಡು ದಶಕಗಳು ಕಳೆದ ಮೇಲೆ, 2011ರಲ್ಲಿ, ಬೆಂಗಳೂರಿನಲ್ಲಿ ಮೆಟ್ರೊ ರೈಲು ಓಡತೊಡಗಿತು.

ಬಿಡುವೆಂಬುದನ್ನು ಅರಿಯದ ಈ ಬಾಳು ಅನಿರೀಕ್ಷಿತವಾಗಿ ಮುಗಿದುಹೋಯಿತು. 1990ನೆಯ ಇಸವಿ ಸೆಪ್ಟೆಂಬರ್ 30ರಂದು ‘ಜೋಕುಮಾರಸ್ವಾಮಿ’ ಚಿತ್ರದ ಕೆಲಸಕ್ಕಾಗಿ ಕಾರಿನಲ್ಲಿ ಹೋಗುತ್ತಿದ್ದಾಗ ದಾವಣಗೆರೆಯ ಹತ್ತಿರ ಆನಗೋಡಿನ ಬಳಿ ಸಂಭವಿಸಿದ ಅಪಘಾತದಲ್ಲಿ ಶಂಕರ್‌ನಾಗ್ ಅಸುನೀಗಿದರು. ಜೊತೆಯಲ್ಲಿದ್ದ ಅರುಂಧತಿಯವರು ತೀವ್ರವಾಗಿ ಗಾಯಗೊಂಡರು. ಪುಟ್ಟ ಮಗಳು ಬದುಕುಳಿದಳು. ರಸ್ತೆಯಲ್ಲಿ ಹೋಗುವ ಪ್ರಾಣಗಳ ಬೆಲೆಯನ್ನು ಚಿತ್ರವಾಗಿಸಿ ನಾಡಿಗೆ ತೋರಿಸಿದವರನ್ನು ರಸ್ತೆಯೇ ಕಸಿದುಕೊಂಡಿತು. ಕನ್ನಡ ನಾಡು ಮನೆಮಗನನ್ನು ಕಳೆದುಕೊಂಡಂತೆ ದುಃಖಿಸಿತು.

ದೊಡ್ಡ ನೋವಿನಿಂದ ಚೇತರಿಸಿಕೊಂಡ ಅರುಂಧತಿ ನಾಗ್ ಅವರು ಪತಿಯ ನೆನಪನ್ನು ಕಲ್ಲಿನ ಸ್ಮಾರಕದಲ್ಲಿ ಹುಡುಕಲಿಲ್ಲ. ನಾಟಕಕ್ಕಾಗಿಯೇ ಒಂದು ಮನೆ ಬೇಕೆಂಬುದು ಅವರಿಬ್ಬರೂ ಹಂಚಿಕೊಂಡಿದ್ದ ಆಸೆ. ವರ್ಷಗಟ್ಟಲೆ ಶ್ರಮಿಸಿ, ಅನೇಕರ ನೆರವನ್ನು ಒಗ್ಗೂಡಿಸಿ ಅವರು ಬೆಂಗಳೂರಿನ ಜಯಪ್ರಕಾಶನಗರದಲ್ಲಿ ‘ರಂಗಶಂಕರ’ವನ್ನು ಕಟ್ಟಿದರು. 2004ರಲ್ಲಿ ಆರಂಭವಾದ ಆ ರಂಗಮಂದಿರದಲ್ಲಿ ಕನ್ನಡದ ನಾಟಕಗಳ ಜೊತೆಗೆ ಬೇರೆ ಬೇರೆ ಭಾಷೆಗಳ ನಾಟಕಗಳೂ ನಡೆಯುತ್ತ ಬಂದಿವೆ. ನಾಟಕ ಪ್ರಾರಂಭವಾದ ಮೇಲೆ ಬಂದವರಿಗೆ, ಅವರು ಎಷ್ಟೇ ದೊಡ್ಡವರಾಗಿರಲಿ, ಒಳಗೆ ಪ್ರವೇಶವಿಲ್ಲವೆಂಬುದು ಅಲ್ಲಿಯ ನಿಯಮ. ಕಾಲದ ಬೆಲೆಯನ್ನು ಅರಿತು ಬಾಳಿದವರ ಹೆಸರಿಗೆ ಒಪ್ಪುವ ನಿಯಮವದು. ಅತ್ತ ಅರಸಾಳಿನ ಹಳೆಯ ನಿಲ್ದಾಣದ ಕಟ್ಟಡವೂ ದುರಸ್ತಿಗೊಂಡು 2020ರಲ್ಲಿ ಮಾಲ್ಗುಡಿ ಸಂಗ್ರಹಾಲಯವಾಯಿತು. ಎಲ್ಲಿಯೂ ಇಲ್ಲದ ಊರಿಗೆ ಹೀಗೆ ಒಂದು ವಿಳಾಸ ದೊರೆತಂತಾಯಿತು.

ಆಯುಷ್ಯದ ಉದ್ದವನ್ನು ಮನುಷ್ಯ ಆರಿಸಿಕೊಳ್ಳಲಾರ. ಅದನ್ನು ಯಾವುದಕ್ಕೆ ವ್ಯಯಿಸಬೇಕೆಂಬುದನ್ನು ಮಾತ್ರ ಆರಿಸಿಕೊಳ್ಳಬಲ್ಲ. ಶಂಕರ್‌ನಾಗ್ ಜನಪ್ರಿಯ ನಟರಾಗಿ ಸುಖವಾಗಿದ್ದುಬಿಡಬಹುದಾಗಿತ್ತು. ಅದರ ಬದಲು ಅವರು ಗಳಿಸಿದ ಹೆಸರನ್ನೂ ಹಣವನ್ನೂ ಬಿಡುವನ್ನೂ ನಾಟಕಕ್ಕೆ, ಹೊಸ ಚಿತ್ರಗಳಿಗೆ, ಸಾಮಾನ್ಯ ಜನರ ಸಣ್ಣ ಸಣ್ಣ ಸುಖದುಃಖಗಳ ಕಥೆಗೆ ತೆತ್ತರು. ಅವರ ಮುಖವನ್ನು ಜೀವಂತವಾಗಿ ಕಾಣದ ತಲೆಮಾರಿನವರೂ ತಮ್ಮ ಆಟೋರಿಕ್ಷಾಗಳ ಮೇಲೆ ಅವರ ಚಿತ್ರವನ್ನು ಅಂಟಿಸಿಕೊಂಡಿದ್ದಾರೆ. ಮಾಲ್ಗುಡಿಯ ರಾಗವನ್ನು ಗುನುಗುತ್ತಾರೆ. ಹನ್ನೆರಡು ವರ್ಷಗಳ ದುಡಿಮೆಗೆ ಇದಕ್ಕಿಂತ ಹಿರಿದಾದ ಸಂಬಳ ಇನ್ನೇನಿದೆ?